ಬರೆಹ ಪರರದು, ಓದು ನಮ್ಮದು

ಕಲಬುರಗಿಯ ಬ್ರಹ್ಮಪುರ, ಶಹಾಬಜಾರಗಳ ಹಳೆಯ ಮನೆಗಳಲ್ಲಾಗಲಿ, ಹುಮನಾಬಾದ ರಸ್ತೆಯ ಮೇಲಿರುವ ಕಮಲಾಪುರದ ಹಳೆಯ ವಾಡೆಗಳಲ್ಲಾಗಲಿ, ಅಟ್ಟದ ಮೇಲೆ ಕಟ್ಟಿಗೆಯ ಪೆಟ್ಟಿಗೆಯೊಂದು ಇರುವುದು ಅಪೂರ್ವವಲ್ಲ. ಅದರೊಳಗೆ ಅಜ್ಜ ಮುತ್ತಜ್ಜಂದಿರ ಕಾಲದ ಕಾಗದಗಳಿರುತ್ತವೆ. ಹೊಲದ ಪತ್ರ, ಕಂದಾಯ ಕಟ್ಟಿದ ರಸೀದಿ, ಸಾಲದ ಚೀಟಿ, ಯಾರೋ ಯಾರಿಗೋ ಬರೆದುಕೊಟ್ಟ ಕರಾರು ಇತ್ಯಾದಿ. ವಾಚಕ ಮಹಾಶಯರೆ, ನಿಮ್ಮ ಮನೆಯಲ್ಲಿಯೂ ಅಂಥದೊಂದು ಪೆಟ್ಟಿಗೆ ಇದ್ದರೆ ಒಮ್ಮೆ ತೆರೆದು ನೋಡಿರಿ. ಕಾಗದದ ಬರೆವಣಿಗೆ ಉರ್ದುವಿನಲ್ಲಿರುತ್ತದೆ. ಇನ್ನೂ ಹಳೆಯದಾದರೆ ಪಾರಸಿಯಲ್ಲಿರುತ್ತದೆ. ಉರ್ದು ಬಲ್ಲ ನೆರೆಯ ಹಿರಿಯರಿಗೆ ತೋರಿಸಿದರೆ ಅವರು ಮೇಲಿನ ಸಾಲುಗಳನ್ನು ಸರಾಗವಾಗಿ ಓದಿಯಾರು. ಆದರೆ ಹಣದ ಮೊತ್ತ ಬರೆದಿರುವ ಕಡೆ ಬಂದೊಡನೆ ಅನೇಕರು ನಿಂತುಬಿಡುತ್ತಾರೆ. ಅಲ್ಲಿರುವುದು ಉರ್ದುವಿನ ಅಂಕಿಯೂ ಅಲ್ಲ, ಬಿಡಿಸಿ ಓದಬಹುದಾದ ಅಕ್ಷರವೂ ಅಲ್ಲ. ಎಳೆದು, ಬಳುಕಿಸಿ, ಒಂದಕ್ಕೊಂದು ಹೆಣೆದಂತಿರುವ ಕೆಲವು ಗೆರೆಗಳು ಮಾತ್ರ. ಇವಕ್ಕೆ ‘ರಕಮು’ ಎಂದೂ ‘ಸಿಯಾಕ್’ ಎಂದೂ ಹೆಸರು.

ಈ ಗೆರೆಗಳ ಗುಟ್ಟು ಇಷ್ಟೆ: ಬರೆದಿರುವುದು ಅರಬ್ಬಿಯ ಶಬ್ದ, ಓದುತ್ತಿದ್ದುದು ಓದುವವನ ನುಡಿಯಲ್ಲಿ. ಒಂದು ಭಾಷೆಯ ಶಬ್ದವನ್ನೇ ಗುರುತಾಗಿ ಬರೆದು ಅದನ್ನು ಮತ್ತೊಂದು ಭಾಷೆಯಲ್ಲಿ ಓದುವ ಈ ಕ್ರಮ ನಮಗೆ ವಿಚಿತ್ರವೆಂದು ತೋರಬಹುದು. ಆದರೆ ಇದು ಮಾನವನ ಬರೆವಣಿಗೆಯಷ್ಟೇ ಹಳೆಯದಾದ ಪದ್ಧತಿ. ಇದರ ಅತ್ಯಂತ ದೊಡ್ಡ ಉದಾಹರಣೆ ದೊರೆಯುವುದು ನಾಲ್ಕು ಸಾವಿರ ವರ್ಷಗಳಿಗೂ ಹಿಂದೆ, ಇಂದಿನ ಇರಾಕದ ಮಣ್ಣಿನ ಹಲಗೆಗಳಲ್ಲಿ. ಆ ದೂರದ ಕಥೆಯನ್ನು ಮೊದಲು ತಿಳಿದುಕೊಂಡರೆ ನಮ್ಮ ಪೆಟ್ಟಿಗೆಯ ಕಾಗದದ ಬೆಲೆ ಏನೆಂಬುದು ಸ್ಪಷ್ಟವಾಗುತ್ತದೆ.

ಸುಮೇರಿನ ಮಣ್ಣಿನ ಹಲಗೆ

ಟೈಗ್ರಿಸ್ ಮತ್ತು ಯೂಫ್ರೆಟಿಸ್ ನದಿಗಳ ಕೆಳನಾಡಿನಲ್ಲಿ ಸುಮೇರಿಯನ್ನರೆಂಬ ಜನರಿದ್ದರು. ಕ್ರಿ. ಪೂ. ೩೩೦೦ರ ಸುಮಾರಿಗೆ ಅಲ್ಲಿಯ ಉರುಕ್ ಎಂಬ ನಗರದಲ್ಲಿ ಬರೆವಣಿಗೆ ಮೊದಲಾಯಿತು. ಆ ನಾಡಿನಲ್ಲಿ ಕಲ್ಲು ವಿರಳ, ಮಣ್ಣು ವಿಪುಲ. ಹಸಿಮಣ್ಣಿನ ಚಿಕ್ಕ ಹಲಗೆಯ ಮೇಲೆ ಜೊಂಡಿನ ಕಡ್ಡಿಯಿಂದ ಒತ್ತಿ ಗುರುತು ಮೂಡಿಸುತ್ತಿದ್ದರು. ಕಾಲಕ್ರಮದಲ್ಲಿ ಆ ಗುರುತುಗಳು ಮೊಳೆಯ ಆಕಾರ ತಾಳಿದುದರಿಂದ ಈ ಲಿಪಿಗೆ ಬೆಣೆಲಿಪಿ ಅಥವಾ ಮೊಳೆಲಿಪಿ ಎನ್ನುತ್ತಾರೆ. ಮೊಟ್ಟಮೊದಲ ಹಲಗೆಗಳಲ್ಲಿರುವುದು ಕಾವ್ಯವಲ್ಲ, ಸ್ತೋತ್ರವಲ್ಲ. ಬಹುಪಾಲು ಧಾನ್ಯದ ಲೆಕ್ಕ, ಕುರಿಗಳ ಲೆಕ್ಕ, ಕೆಲಸದವರಿಗೆ ಅಳೆದುಕೊಟ್ಟ ಪಡಿಯ ಲೆಕ್ಕ. ಮನುಷ್ಯನು ಬರೆಯಲು ಕಲಿತದ್ದು ಲೆಕ್ಕ ಇಡುವುದಕ್ಕಾಗಿ ಎಂಬುದನ್ನು ನಾವು ನೆನಪಿಡಬೇಕು.

ಮೊದಮೊದಲು ಒಂದು ಗುರುತು ಒಂದು ಪದಕ್ಕೆ ಸಲ್ಲುತ್ತಿತ್ತು. ರೊಟ್ಟಿ ಅಥವಾ ಆಹಾರ ಎಂಬುದಕ್ಕೆ ಪಡಿ ಅಳೆಯುವ ಬಟ್ಟಲಿನ ಚಿತ್ರ. ಅದನ್ನು ಸುಮೇರಿಯನ್ನರು ‘ನಿಂದ’ ಎಂದು ಓದುತ್ತಿದ್ದರು. ಮನುಷ್ಯನ ತಲೆಯ ಬಾಯಿಯ ಬಳಿ ಅದೇ ಬಟ್ಟಲನ್ನು ಇಟ್ಟರೆ ‘ತಿನ್ನು’ ಎಂದಾಗುತ್ತಿತ್ತು. ನಕ್ಷತ್ರದ ಚಿತ್ರಕ್ಕೆ ಆಕಾಶ, ದೇವರು ಎಂಬ ಅರ್ಥಗಳು. ‘ಲು’ ಎಂದರೆ ಮನುಷ್ಯ, ‘ಗಲ್’ ಎಂದರೆ ದೊಡ್ಡ. ಎರಡೂ ಸೇರಿ ‘ಲುಗಲ್’ ಎಂದರೆ ಅರಸ. ಹೀಗೆ ಒಂದೊಂದು ಪದಕ್ಕೆ ಸಲ್ಲುವ ಗುರುತನ್ನು ನಾವು ಇಲ್ಲಿ ಪದಚಿಹ್ನೆ ಎಂದು ಕರೆಯೋಣ.

ಸುಮೇರಿಯನ್ನರ ಬಗಲಲ್ಲಿಯೇ ಅಕ್ಕಾಡಿಯನ್ನರೆಂಬ ಬೇರೊಂದು ಜನಾಂಗ ಬಾಳುತ್ತಿತ್ತು. ಇವರ ಭಾಷೆ ಅರಬ್ಬಿ, ಹೀಬ್ರೂಗಳ ಬಳಗದ್ದು. ಸುಮೇರಿಯನ್ ಭಾಷೆಗಾದರೋ ಲೋಕದಲ್ಲಿ ತಿಳಿದ ನಂಟು ಯಾವುದೂ ಇಲ್ಲ. ಕ್ರಿ. ಪೂ. ೨೩೦೦ರ ಸುಮಾರಿಗೆ ಅಕ್ಕಾಡಿನ ಸಾರ್ಗನ್ ಅರಸನು ಆ ಇಡಿಯ ನಾಡನ್ನು ಒಂದು ಆಳಿಕೆಗೆ ತಂದನು. ಅವನ ಲಿಪಿಕಾರರಿಗೆ ಹೊಸ ಲಿಪಿಯನ್ನು ನಿರ್ಮಿಸುವ ಗೋಜು ಬೇಕಾಗಲಿಲ್ಲ. ಅರಸ ಎಂದು ಬರೆಯಬೇಕಾದಲ್ಲಿ ಅವರು ಸುಮೇರಿಯನ್ನರ ‘ಲುಗಲ್’ ಗುರುತನ್ನೇ ಬರೆದರು. ಓದುವಾಗ ಮಾತ್ರ ತಮ್ಮ ಭಾಷೆಯಲ್ಲಿ ‘ಶರ್ರುಮ್’ ಎಂದು ಓದಿದರು. ದೇವರ ಗುರುತನ್ನು ಬರೆದು ‘ಇಲುಮ್’ ಎಂದರು. ಇದರ ಜೊತೆಗೆ ಕೆಲವು ಗುರುತುಗಳನ್ನು ಅರ್ಥ ಬಿಟ್ಟು ಬರಿಯ ಧ್ವನಿಗಾಗಿಯೂ ಬಳಸಿದರು. ಆಕಾಶದ ಗುರುತು ಸುಮೇರಿಯನ್ನಿನಲ್ಲಿ ‘ಅನ್’. ಅದನ್ನು ಯಾವುದೇ ಪದದ ನಡುವೆ ‘ಅನ್’ ಎಂಬ ಉಚ್ಚಾರಕ್ಕಾಗಿ ಬರೆಯಬಹುದಾಗಿತ್ತು. ಹೀಗೆ ಒಂದೇ ಸಾಲಿನಲ್ಲಿ ಕೆಲವು ಗುರುತುಗಳು ಪದಗಳಾಗಿ, ಕೆಲವು ಉಚ್ಚಾರಗಳಾಗಿ ನಿಂತವು. ಯಾವುದು ಯಾವುದೆಂದು ಅರಿಯುವುದೇ ಲಿಪಿಕಾರನ ವಿದ್ಯೆಯಾಯಿತು.

ನಮ್ಮಲ್ಲಿಯೂ ಇರುವ ಅಭ್ಯಾಸ

ಇದು ತೀರ ಅಪರಿಚಿತವಾದ ವ್ಯವಹಾರವೆಂದು ಭಾವಿಸಬೇಡಿರಿ. ಮಠದ ಆಮಂತ್ರಣ ಪತ್ರಿಕೆಯಲ್ಲಿ ‘ನಿ. ಪ್ರ.’ ಎಂದು ಅಚ್ಚಾಗಿದ್ದರೆ ನೀವು ‘ನಿರಂಜನ ಪ್ರಣವಸ್ವರೂಪಿ’ ಎಂದು ಓದುತ್ತೀರಿ. ‘ಲಿಂ.’ ಎಂದಿದ್ದರೆ ‘ಲಿಂಗೈಕ್ಯ’ ಎನ್ನುತ್ತೀರಿ. ಮದುವೆಯ ಕಾಗದದ ‘ಚಿ.’, ‘ಸೌ.’ಗಳೂ ಹಾಗೆಯೇ. ನಮ್ಮ ಹಳಗನ್ನಡದ ಶಾಸನಗಳಲ್ಲಿ ‘ಗ’ ಎಂಬ ಒಂದಕ್ಷರದ ಮುಂದೆ ಅಂಕಿ ಇದ್ದರೆ ಅಷ್ಟು ಗದ್ಯಾಣ ಎಂದು ಓದಬೇಕು. ಆದರೆ ಇವೆಲ್ಲ ನಮ್ಮದೇ ಭಾಷೆಯ ಪದಗಳನ್ನು ಮೊಟಕುಗೊಳಿಸಿದವು. ಪರಭಾಷೆಯ ಗುರುತಿಗೆ ಹೆಚ್ಚು ಸಮೀಪದ ಉದಾಹರಣೆ ಬೇಕಾದರೆ ಅಂಕಿಗಳನ್ನು ನೋಡಬೇಕು.

ಕಲಬುರಗಿಯ ರೈಲು ನಿಲ್ದಾಣದಲ್ಲಿ ಗಾಡಿ ನಿಲ್ಲುವ ಕಟ್ಟೆಗೆ ಒಂದು ಅಂಕಿ ಬರೆದಿದೆ ಎನ್ನಿ. ಅದನ್ನು ನಾವು ‘ಒಂದು’ ಎನ್ನುತ್ತೇವೆ. ಸೊಲ್ಲಾಪುರದಿಂದ ಬಂದವರು ‘ಏಕ್’ ಎನ್ನುತ್ತಾರೆ. ಹೈದರಾಬಾದಿನ ತೆಲುಗರು ‘ಒಕಟಿ’ ಎನ್ನುತ್ತಾರೆ. ಗುರುತು ಒಂದೇ, ನುಡಿ ಮೂರು. ಯಾರ ಓದೂ ತಪ್ಪಲ್ಲ. ಇನ್ನೂ ಒಂದು ಸೂಕ್ಷ್ಮವಿದೆ. ‘೫ರಿಂದ’ ಎಂದು ಬರೆದದ್ದನ್ನು ‘ಐದರಿಂದ’ ಎಂದೂ, ‘೫ಕ್ಕೆ’ ಎಂದದ್ದನ್ನು ‘ಐದಕ್ಕೆ’ ಎಂದೂ ಓದುತ್ತೇವೆ. ಅಂಕಿ ಅರ್ಥವನ್ನು ಕೊಡುತ್ತದೆ. ಅದರ ಬಾಲಕ್ಕೆ ಅಂಟಿಸಿದ ಅಕ್ಷರ ಯಾವ ಭಾಷೆಯಲ್ಲಿ, ಯಾವ ವಿಭಕ್ತಿಯಲ್ಲಿ ಓದಬೇಕೆಂಬುದನ್ನು ತಿಳಿಸುತ್ತದೆ. ಬೆಣೆಲಿಪಿಯ ಲಿಪಿಕಾರರು ಮಾಡುತ್ತಿದ್ದುದೂ ಇದನ್ನೇ. ಪರಭಾಷೆಯ ಪದಚಿಹ್ನೆ ಬರೆದು ಅದರ ಬಾಲಕ್ಕೆ ತಮ್ಮ ಭಾಷೆಯ ಪ್ರತ್ಯಯವನ್ನು ಕೂಡಿಸುತ್ತಿದ್ದರು.

ಹಿಟ್ಟೈಟರ ರೊಟ್ಟಿ

ಆ ಬಾಲವೇ ಒಂದು ಮರೆತುಹೋದ ಭಾಷೆಯನ್ನು ಮರಳಿ ಕೊಟ್ಟ ಕಥೆ ಕೇಳುವಂತಹುದು. ಇಂದಿನ ತುರ್ಕಸ್ತಾನದ ನಡುನಾಡಿನಲ್ಲಿ ಕ್ರಿ. ಪೂ. ೧೬೫೦ರಿಂದ ೧೨೦೦ರ ಸುಮಾರಿನವರೆಗೆ ಹಿಟ್ಟೈಟರೆಂಬ ಜನರ ಪ್ರಬಲ ರಾಜ್ಯವಿತ್ತು. ಅವರ ರಾಜಧಾನಿ ಹತ್ತೂಶದಲ್ಲಿ ೧೯೦೬ರಿಂದ ಜರ್ಮನಿಯ ಹ್ಯೂಗೋ ವಿಂಕ್ಲರ್ ಅಗೆತ ನಡೆಸಿದಾಗ ಸಾವಿರಾರು ಮಣ್ಣಿನ ಹಲಗೆಗಳು ದೊರೆತವು. ಲಿಪಿ ಬೆಣೆಲಿಪಿಯೇ; ಆದುದರಿಂದ ಉಚ್ಚರಿಸಬಹುದಾಗಿತ್ತು. ಆದರೆ ಬಹುತೇಕ ಹಲಗೆಗಳ ಭಾಷೆ ಯಾವುದೆಂದು ಯಾರಿಗೂ ತಿಳಿಯದು.

ಚೆಕ್ ವಿದ್ವಾಂಸ ಬೆದ್ರಿಖ್ ಹ್ರೋಜ್ನಿ ಈ ಹಲಗೆಗಳ ಮುಂದೆ ಕುಳಿತನು. ಒಂದು ವಾಕ್ಯದಲ್ಲಿ ಅವನಿಗೆ ಪರಿಚಿತವಾದ ಒಂದೇ ಒಂದು ಗುರುತು ಕಂಡಿತು. ಅದು ಸುಮೇರಿಯನ್ನರ ರೊಟ್ಟಿಯ ಗುರುತು, ‘ನಿಂದ’. ಅದರ ಬಾಲಕ್ಕೆ ‘ಅನ್’ ಎಂಬ ಪ್ರತ್ಯಯ ಅಂಟಿತ್ತು. ರೊಟ್ಟಿಯ ವಿಷಯ ಬಂದಲ್ಲಿ ತಿನ್ನುವ ಮಾತೂ ಇರಬೇಕಲ್ಲವೆ? ಮುಂದಿನ ಪದದ ಮೊದಲಲ್ಲಿ ‘ಎಜ್ಜ’ ಎಂದಿತ್ತು. ತಿನ್ನು ಎಂಬುದಕ್ಕೆ ಜರ್ಮನ್ ಭಾಷೆಯಲ್ಲಿ ‘ಎಸ್ಸೆನ್’, ಲ್ಯಾಟಿನ್ನಿನಲ್ಲಿ ‘ಎದೆರೆ’. ನಮ್ಮ ಸಂಸ್ಕೃತದಲ್ಲಿ ‘ಅದ್’ ಧಾತು. ‘ಅನ್ನ’ ಎಂಬ ಪದ ಹುಟ್ಟಿದ್ದು ಅದರಿಂದಲೇ. ಅದೇ ವಾಕ್ಯದಲ್ಲಿ ಮುಂದೆ ‘ವಾತರ್’ ಎಂಬ ಪದ ಬಂದಿತ್ತು. ನೀರಿಗೆ ಇಂಗ್ಲಿಷಿನ ‘ವಾಟರ್’, ಸಂಸ್ಕೃತದ ‘ಉದಕ’ ಇದೇ ಕುಲದವು. ರೊಟ್ಟಿ ತಿನ್ನುವುದು, ನೀರು ಕುಡಿಯುವುದು ಎಂಬ ಸರಳವಾದ ಮಾತು ಅದಾಗಿತ್ತು. ಹಿಟ್ಟೈಟರ ಭಾಷೆ ಸಂಸ್ಕೃತ, ಗ್ರೀಕ್, ಲ್ಯಾಟಿನ್‌ಗಳ ಬಂಧುವೆಂದು ಹ್ರೋಜ್ನಿ ೧೯೧೫ರಲ್ಲಿ ಸಾರಿದನು. ಸತ್ತುಹೋದ ಒಂದು ಭಾಷೆಯ ಪದಚಿಹ್ನೆಯು ಮರೆತುಹೋದ ಮತ್ತೊಂದು ಭಾಷೆಯ ಬಾಗಿಲನ್ನು ತೆರೆಯಿತು.

ಆದರೆ ಈ ಪದ್ಧತಿಗೆ ಇನ್ನೊಂದು ಮುಖವೂ ಉಂಟು. ಹಿಟ್ಟೈಟರು ಅರಸ ಎಂಬುದಕ್ಕೆ ‘ಲುಗಲ್’ ಗುರುತನ್ನು ಬರೆದು ‘ಹಶ್ಶುಶ್’ ಎಂದು ಓದುತ್ತಿದ್ದರು. ಕೆಲವೆಡೆ ಅದನ್ನು ಬಿಡಿಸಿಯೂ ಬರೆದುದರಿಂದ ನಮಗೆ ಆ ಉಚ್ಚಾರ ತಿಳಿದಿದೆ. ಎಲ್ಲ ಪದಗಳಿಗೂ ಈ ಭಾಗ್ಯವಿಲ್ಲ. ಕುದುರೆಗೆ ಸುಮೇರಿಯನ್ ಗುರುತುಗಳ ಅರ್ಥ ‘ಬೆಟ್ಟನಾಡಿನ ಕತ್ತೆ’ ಎಂದು. ಕುದುರೆ ಪಳಗಿಸುವುದರಲ್ಲಿ ನಿಪುಣರಾದ ಹಿಟ್ಟೈಟರು ಎಲ್ಲೆಲ್ಲಿಯೂ ಆ ಪರಕೀಯ ಗುರುತುಗಳನ್ನೇ ಬರೆದರು. ಅವರ ಬಾಯಲ್ಲಿ ಕುದುರೆಗೆ ಏನೆನ್ನುತ್ತಿದ್ದರೆಂಬುದು ಬಹುಕಾಲ ವಿದ್ವಾಂಸರಿಗೆ ಸಮಸ್ಯೆಯಾಗಿಯೇ ಉಳಿಯಿತು. ದಿನಬಳಕೆಯ ಇಂತಹ ಹಲವು ಪದಗಳ ಅರ್ಥ ನಮಗೆ ಗೊತ್ತು, ಉಚ್ಚಾರ ಗೊತ್ತಿಲ್ಲ. ಬರೆದವರಿಗೆ ಅದು ನಾಲಗೆಯ ತುದಿಯಲ್ಲಿಯೇ ಇತ್ತು. ಆದುದರಿಂದಲೇ ಬರೆದಿಡಬೇಕೆಂದು ಅವರಿಗೆ ತೋರಲಿಲ್ಲ.

ಹಲಗೆಯ ಮನೆಯಿಂದ ಸನ್ನತಿಯವರೆಗೆ

ಕ್ರಿ. ಪೂ. ೨೦೦೦ದ ಆಚೀಚೆಗೆ ಸುಮೇರಿಯನ್ ಭಾಷೆ ಜನರ ಬಾಯಿಂದ ಮರೆಯಾಯಿತು. ಮನೆಯಲ್ಲಿ ಯಾರೂ ಆಡದ ಭಾಷೆಯ ಗುರುತುಗಳು ಮತ್ತೆ ಎರಡು ಸಾವಿರ ವರ್ಷ ಬಾಳಿದುದು ಹೇಗೆ? ಕ್ರಿ. ಶ. ಒಂದನೆಯ ಶತಮಾನದ ಬೆಣೆಲಿಪಿಯ ಹಲಗೆಗಳೂ ದೊರೆತಿವೆ. ಅವುಗಳಲ್ಲಿಯೂ ಸುಮೇರಿಯನ್ ಪದಚಿಹ್ನೆಗಳಿವೆ. ಇದಕ್ಕೆ ಕಾರಣ ಪಾಠಶಾಲೆ. ಅದಕ್ಕೆ ಅವರು ‘ಎದುಬ್ಬ’ ಎಂದರು. ಹಲಗೆಯ ಮನೆ ಎಂದು ಅದರ ಅರ್ಥ. ಅಲ್ಲಿಯ ಮಕ್ಕಳು ಮರ, ಪಶು, ಪಾತ್ರೆ, ವೃತ್ತಿ, ದೇವತೆಗಳ ಹೆಸರುಗಳ ಉದ್ದುದ್ದ ಪಟ್ಟಿಗಳನ್ನು ಬರೆದು ಬರೆದು ಬಾಯಿಪಾಠ ಮಾಡುತ್ತಿದ್ದರು. ಎಡಗಡೆ ಸುಮೇರಿಯನ್ ಪದ, ಬಲಗಡೆ ಅಕ್ಕಾಡಿಯನ್ ಪದ. ಹತ್ತೂಶದಲ್ಲಿ ಅದಕ್ಕೆ ಹಿಟ್ಟೈಟ್ ಭಾಷೆಯ ಸಾಲೊಂದು ಸೇರಿತು. ಸಿರಿಯಾದ ಉಗಾರಿತ್ ನಗರದಲ್ಲಿ ನಾಲ್ಕು ಭಾಷೆಗಳ ಪಟ್ಟಿಗಳೇ ಸಿಕ್ಕಿವೆ. ಮಠದ ಪಾಠಶಾಲೆಯಲ್ಲಿ ಬೆಳಗಿನ ಜಾವ ಎದ್ದು ಅಮರಕೋಶವನ್ನು ಕಂಠಪಾಠ ಮಾಡಿದ ಹಿರಿಯರಿಗೆ ಈ ಪಟ್ಟಿಗಳ ಪ್ರಯೋಜನವನ್ನು ಬೇರೆ ವಿವರಿಸಬೇಕಾಗಿಲ್ಲ.

‘ಎದುಬ್ಬ’ ಎಂಬ ಹೆಸರಿನಲ್ಲಿ ನಮಗೆ ಸೇರಿದ ಒಂದು ಸಂಗತಿಯೂ ಅಡಗಿದೆ. ‘ದುಬ್’ ಎಂದರೆ ಸುಮೇರಿಯನ್ನಿನಲ್ಲಿ ಬರೆಯುವ ಹಲಗೆ. ಅಕ್ಕಾಡಿಯನ್ನರು ಅದನ್ನು ‘ತುಪ್ಪು’ ಎಂದು ಎರವಲು ಪಡೆದರು. ಪೂರ್ವಕ್ಕಿದ್ದ ಎಲಾಮಿನವರ ಬಾಯಲ್ಲಿ ಅದು ‘ತುಪ್ಪಿ’ ಆಯಿತು. ಅವರಿಂದ ಪಾರಸಿಕರು ಕಲಿತರು, ಕ್ರಿ. ಪೂ. ೫೨೦ರ ಸುಮಾರಿನ ದಾರಯವಹು ದೊರೆಯ ಬೆಹಿಸ್ತೂನ್ ಶಾಸನದಲ್ಲಿ ಅದು ‘ದಿಪಿ’, ಅಂದರೆ ಶಾಸನ. ಪಾರಸಿಕರ ಆಳಿಕೆಯಲ್ಲಿದ್ದ ವಾಯವ್ಯ ಭಾರತದ ಅಶೋಕನ ಶಾಸನಗಳಲ್ಲಿ ‘ಧರ್ಮದಿಪಿ’ ಎಂಬ ರೂಪವಿದೆ. ಉಳಿದೆಡೆ ‘ಧಂಮಲಿಪಿ’ ಎಂದಿದೆ. ನಮ್ಮ ‘ಲಿಪಿ’ ಶಬ್ದ ಈ ದಾರಿಯಿಂದಲೇ ಬಂದುದೆಂದು ಬಹುಮಂದಿ ವಿದ್ವಾಂಸರ ಮತ. ಪಾಣಿನಿಯೂ ‘ಲಿಪಿ’, ‘ಲಿಬಿ’ ಎಂಬ ಎರಡು ರೂಪಗಳನ್ನು ಹೇಳಿದ್ದಾನೆ.

ಅಶೋಕನ ಆ ಲಿಪಿ ನಮ್ಮ ಜಿಲ್ಲೆಯಲ್ಲಿಯೂ ಇದೆ. ಭೀಮಾ ತೀರದ ಸನ್ನತಿಯ ಚಂದ್ರಲಾಂಬಾ ದೇವಾಲಯದ ಆವರಣದಲ್ಲಿ ದೇವಿಯ ಪೀಠಕ್ಕೆ ಬಳಸಿದ್ದ ಕಲ್ಲಿನ ಮೇಲೆ ಅಶೋಕನ ಶಾಸನಗಳಿರುವುದು ೧೯೮೦ರ ದಶಕದ ಕೊನೆಯಲ್ಲಿ ಬೆಳಕಿಗೆ ಬಂದಿತು. ಅತ್ತ ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿ, ಸಿದ್ದಾಪುರ ಮತ್ತು ಜಟಿಂಗ ರಾಮೇಶ್ವರದ ಬಂಡೆಗಳನ್ನು ಬರೆದವನು ಚಪಡನೆಂಬ ಲಿಪಿಕರ. ಶಾಸನವನ್ನೆಲ್ಲ ಬ್ರಾಹ್ಮಿಯಲ್ಲಿ ಬರೆದ ಅವನು ‘ಲಿಪಿಕರ’ ಎಂಬ ತನ್ನ ವೃತ್ತಿಯ ಹೆಸರನ್ನು ಮಾತ್ರ ವಾಯವ್ಯದ ಖರೋಷ್ಠಿಯಲ್ಲಿ ಬರೆದಿದ್ದಾನೆ. ಖರೋಷ್ಠಿ ಹುಟ್ಟಿದ್ದು ಪಾರಸಿಕ ಸಾಮ್ರಾಜ್ಯದ ಕಚೇರಿಗಳ ಅರಮೇಯಿಕ್ ಲಿಪಿಯಿಂದ. ಕನ್ನಡ ನಾಡಿನ ಅತಿ ಪ್ರಾಚೀನ ಬರೆಹಗಳಲ್ಲಿಯೇ ಪರನಾಡಿನ ಲಿಪಿಕಾರರ ಕೈವಾಡದ ಜಾಡು ಹೀಗೆ ಉಳಿದಿದೆ.

ಅರಮೇಯಿಕ್ ಬರೆದು ಪಾರಸಿ ಓದಿದವರು

ಆ ಪಾರಸಿಕ ಕಚೇರಿಗಳಲ್ಲಿ ಪದಚಿಹ್ನೆಯ ಪದ್ಧತಿ ಎರಡನೆಯ ಜನ್ಮ ತಾಳಿತು. ದೊರೆ ತನ್ನ ಪಾರಸಿಯಲ್ಲಿ ಆಜ್ಞೆ ಹೇಳುತ್ತಿದ್ದನು. ಲಿಪಿಕಾರನು ಅದನ್ನು ಅರಮೇಯಿಕ್ ಭಾಷೆಯಲ್ಲಿ ಬರೆದು ಕಳುಹುತ್ತಿದ್ದನು. ದೂರದ ಪ್ರಾಂತದ ಲಿಪಿಕಾರನು ಅದನ್ನು ಅಲ್ಲಿಯ ಜನರ ಭಾಷೆಯಲ್ಲಿ ಓದಿ ಹೇಳುತ್ತಿದ್ದನು. ಶತಮಾನಗಳು ಉರುಳಿದ ಮೇಲೆ ಅರಮೇಯಿಕ್ ಬಲ್ಲವರು ಕಡಿಮೆಯಾದರು. ಆದರೆ ಕೈಗೆ ಒಗ್ಗಿದ ಅರಮೇಯಿಕ್ ಪದಗಳ ಆಕಾರಗಳು ಉಳಿದುಕೊಂಡವು. ಪಹ್ಲವಿ ಎಂದು ಹೆಸರಾದ ನಡುಗಾಲದ ಪಾರಸಿ ಬರೆಹದಲ್ಲಿ ‘ಮಲ್ಕಾ’ ಎಂದು ಬರೆದು ‘ಶಾಹ್’ ಎಂದು ಓದುವ ರೂಢಿಯಾಯಿತು. ಹತ್ತನೆಯ ಶತಮಾನದ ಅರಬ್ಬಿ ಗ್ರಂಥಕಾರ ಇಬ್ನ್ ಅಲ್ ನದೀಮ್ ತನಗಿಂತ ಹಿಂದಿನವರ ಮಾತನ್ನು ಉಲ್ಲೇಖಿಸಿ, ಇಂತಹ ಸುಮಾರು ಸಾವಿರ ಪದಗಳಿದ್ದುವೆಂದೂ, ‘ಲಹ್ಮಾ’ ಎಂದು ಬರೆದು ‘ನಾನ್’ ಎಂದು ಓದುತ್ತಿದ್ದರೆಂದೂ ತಿಳಿಸುತ್ತಾನೆ. ಇಲ್ಲಿಯೂ ಉದಾಹರಣೆಗೆ ಒದಗಿದ್ದು ರೊಟ್ಟಿಯೇ!

ಕಲಬುರಗಿಯ ದಫ್ತರ

ಈಗ ನಮ್ಮ ಊರಿಗೆ ಬರೋಣ. ೧೩೪೭ರಲ್ಲಿ ಅಲಾಉದ್ದೀನ್ ಹಸನನು ಬಹಮನಿ ರಾಜ್ಯವನ್ನು ಸ್ಥಾಪಿಸಿ ಕಲಬುರಗಿಯನ್ನು ರಾಜಧಾನಿ ಮಾಡಿಕೊಂಡನು. ಹದಿನೈದನೆಯ ಶತಮಾನದ ಮೊದಲ ಭಾಗದಲ್ಲಿ ರಾಜಧಾನಿ ಬೀದರಿಗೆ ಹೋಗುವವರೆಗೆ ಇಲ್ಲಿಯ ಕೋಟೆ ದಖ್ಖಣದ ಆಡಳಿತದ ಕೇಂದ್ರವಾಗಿತ್ತು. ದರಬಾರಿನ ಭಾಷೆ ಪಾರಸಿ. ಆದರೆ ಹೊಲ ಉಳುವವನು, ಸುಗ್ಗಿಯ ರಾಶಿ ಅಳೆಯುವವನು, ಅದರ ಲೆಕ್ಕ ಬಲ್ಲ ಕುಲಕರ್ಣಿ ಇವರೆಲ್ಲ ಈ ನೆಲದವರು. ಬಹಮನಿ ಕಾಲದಿಂದಲೇ ದಖ್ಖಣದ ಕಂದಾಯದ ಲೆಕ್ಕ ಬ್ರಾಹ್ಮಣ ಕರಣಿಕರ ಕೈಯಲ್ಲಿತ್ತೆಂದು ಚರಿತ್ರಕಾರ ಫಿರಿಷ್ತ ಬರೆದಿದ್ದಾನೆ. ಕಲಬುರಗಿ ವಿಜಾಪುರದ ವಶದಲ್ಲಿದ್ದಾಗ, ಹದಿನಾರನೆಯ ಶತಮಾನದಲ್ಲಿ, ಮೊದಲನೆಯ ಇಬ್ರಾಹಿಂ ಆದಿಲಶಾಹನು ಲೆಕ್ಕಪತ್ರಗಳನ್ನು ಪಾರಸಿಯಿಂದ ದೇಶಭಾಷೆಗೆ ತಂದನೆಂದೂ ಅವನೇ ಹೇಳುತ್ತಾನೆ. ೧೬೮೬ರಲ್ಲಿ ವಿಜಾಪುರ ಮೊಗಲರಿಗೆ ಸೋತಿತು. ಮೇಲ್ಮಟ್ಟದ ಕಚೇರಿಗಳಲ್ಲಿ ಪಾರಸಿ ಮತ್ತೆ ಬಲಗೊಂಡಿತು. ೧೭೨೪ರಿಂದ ಈ ಸೀಮೆ ನಿಜಾಮರ ಆಳಿಕೆಗೆ ಸೇರಿತು. ೧೮೮೦ರ ದಶಕದಲ್ಲಿ ಹೈದರಾಬಾದ್ ಸರಕಾರದ ಕಚೇರಿಯ ಭಾಷೆ ಪಾರಸಿಯಿಂದ ಉರ್ದುವಿಗೆ ಬದಲಾಯಿತು.

ಭಾಷೆ ಬದಲಾದರೂ ಕಚೇರಿಗಳಲ್ಲಿ ಮೊತ್ತ ಬರೆಯುವ ರಕಮಿನ ಗುರುತುಗಳು ಬದಲಾಗಲಿಲ್ಲ. ಅವುಗಳ ಮೂಲ ಅರಬ್ಬಿಯ ಸಂಖ್ಯಾವಾಚಕಗಳು. ಐದಕ್ಕೆ ‘ಖಮ್ಸ’, ಇಪ್ಪತ್ತಕ್ಕೆ ‘ಇಶ್ರೀನ್’, ನೂರಕ್ಕೆ ‘ಮಿಅತ್’, ಸಾವಿರಕ್ಕೆ ‘ಅಲ್ಫ್’. ಈ ಪದಗಳನ್ನು ಅವಸರದ ಕೈಯಲ್ಲಿ ಬರೆದು ಬರೆದು ಅಕ್ಷರಗಳು ಸವೆದು, ಒಂದೊಂದು ಪದವೂ ಒಂದೊಂದು ಗುರುತಾಗಿ ಉಳಿಯಿತು. ಇಲ್ಲಿ ಸೊನ್ನೆ ಇಲ್ಲ. ನಮ್ಮ ಅಂಕಿಗಳಲ್ಲಿ ಸ್ಥಾನ ಬದಲಾದರೆ ಬೆಲೆ ಬದಲಾಗುತ್ತದೆ. ರಕಮಿನಲ್ಲಿ ನೂರರ ಗುರುತು ಎಲ್ಲಿದ್ದರೂ ನೂರೇ. ಒಂದು ಸೊನ್ನೆ ಸೇರಿಸಿ ಹತ್ತನ್ನು ನೂರು ಮಾಡುವ ಮೋಸಕ್ಕೆ ಆಸ್ಪದವಿಲ್ಲದುದರಿಂದ ಇದು ಲೆಕ್ಕದವರಿಗೆ ಪ್ರಿಯವಾಗಿತ್ತೆಂದು ಹೇಳುವುದುಂಟು. ಲಕ್ಷ, ಕೋಟಿಗಳಿಗೆ ಅರಬ್ಬಿಯಲ್ಲಿ ಒಂದೇ ಪದವಿಲ್ಲ. ಅದಕ್ಕಾಗಿ ಭಾರತದ ಲೆಕ್ಕಿಗರು ‘ಲಾಖ್’, ‘ಕರೋಡ್’ ಎಂಬ ನಮ್ಮ ನಾಡಿನ ಪದಗಳನ್ನೇ ಅದೇ ಮಾದರಿಯಲ್ಲಿ ಗುರುತುಗಳನ್ನಾಗಿ ಮಾಡಿಕೊಂಡರು.

ಒಂದು ದೃಶ್ಯವನ್ನು ಕಲ್ಪಿಸಿಕೊಳ್ಳಿರಿ. ಕಮಲಾಪುರದ ರೈತನೊಬ್ಬನು ಹಣ ಎಣಿಸಿಕೊಟ್ಟು ‘ನೂರಾ ಇಪ್ಪತ್ತೈದು ರೂಪಾಯಿ’ ಎಂದನು. ಕಚೇರಿಯ ಕಾರಕೂನನು ಬಲದಿಂದ ಎಡಕ್ಕೆ ಮೊದಲು ನೂರರ ಗುರುತು, ಬಳಿಕ ಐದರದು, ಬಳಿಕ ಇಪ್ಪತ್ತರದು ಬರೆದನು. ಅರಬ್ಬಿಯಲ್ಲಿ ಹೇಳುವ ಕ್ರಮ ‘ನೂರು ಮತ್ತು ಐದು ಮತ್ತು ಇಪ್ಪತ್ತು’ ಎಂದಾದುದರಿಂದ. ಅದೇ ಕಾಗದ ಹೈದರಾಬಾದಿಗೆ ಹೋದಾಗ ಅಲ್ಲಿಯವನು ‘ಏಕ್ ಸೌ ಪಚ್ಚೀಸ್’ ಎಂದು ಓದಿದನು. ಕನ್ನಡದಲ್ಲಿ ಹೇಳಿದ್ದು, ಅರಬ್ಬಿಯಲ್ಲಿ ಬರೆದದ್ದು, ಉರ್ದುವಿನಲ್ಲಿ ಓದಿದ್ದು. ಮೂವರಿಗೂ ಲೆಕ್ಕ ಒಂದೇ. ಸುಮೇರಿಯನ್ನರ ಗುರುತನ್ನು ಅಕ್ಕಾಡಿನವರೂ ಹಿಟ್ಟೈಟರೂ ತಮ್ಮ ತಮ್ಮ ನುಡಿಯಲ್ಲಿ ಓದಿದುದಕ್ಕೂ ಇದಕ್ಕೂ ತತ್ವದಲ್ಲಿ ಭೇದವಿಲ್ಲ. ವ್ಯಾಪ್ತಿಯಲ್ಲಿ ಮಾತ್ರ ಭೇದವಿದೆ: ಬೆಣೆಲಿಪಿಯಲ್ಲಿ ಅರಸ, ಮನೆ, ಕುದುರೆ, ರೊಟ್ಟಿ ಎಲ್ಲಕ್ಕೂ ಎರವಲು ಗುರುತುಗಳಿದ್ದವು, ರಕಮು ಲೆಕ್ಕಕ್ಕೆ ಸೀಮಿತವಾಗಿತ್ತು.

ಆ ದಫ್ತರದ ಶಬ್ದಗಳು ನಮ್ಮ ನಾಲಗೆಯ ಮೇಲೆ ಇಂದಿಗೂ ಇವೆ. ಜಮಾ, ಖರ್ಚು, ಬಾಕಿ, ವಸೂಲಿ, ತಾರೀಖು, ರಕಮು, ಪಹಣಿ ಎನ್ನುವಾಗ ಅವು ಹೊರಗಿನವೆಂದು ನಮಗೆ ತೋರುವುದೇ ಇಲ್ಲ. ಶಬ್ದ ಉಳಿಯಿತು, ಗುರುತು ಮರೆಯಾಯಿತು.

ಓದು ನಿಂತರೆ ಏನಾದೀತು

ಹೈದರಾಬಾದ್ ಸಂಸ್ಥಾನವು ೧೯೪೮ರ ಸೆಪ್ಟೆಂಬರ್ ೧೭ರಂದು ಭಾರತಕ್ಕೆ ಸೇರಿತು. ೧೯೫೬ರ ನವೆಂಬರ್ ೧ರಂದು ಕಲಬುರಗಿ ಜಿಲ್ಲೆ ವಿಶಾಲ ಮೈಸೂರು ರಾಜ್ಯದಲ್ಲಿ ಒಂದಾಯಿತು. ಕನ್ನಡಿಗರ ವ್ಯವಹಾರ ಕನ್ನಡದಲ್ಲಿ ನಡೆಯತೊಡಗಿದುದು ಸಂತೋಷದ ಸಂಗತಿ. ಅದಕ್ಕಾಗಿ ಹಿರಿಯರು ಪಟ್ಟ ಶ್ರಮ ಸ್ಮರಣೀಯ. ಆದರೆ ರಕಮು ಕಲಿಸುವ ಪಾಠ ಅಲ್ಲಿಗೆ ನಿಂತಿತು. ಕಚೇರಿಯಲ್ಲಿ ಅದನ್ನು ಕಲಿತ ಹಿರಿಯರು ಒಬ್ಬೊಬ್ಬರಾಗಿ ಕಣ್ಮರೆಯಾದರು. ಸುಮೇರಿಯನ್ ಭಾಷೆ ಸತ್ತ ಮೇಲೂ ಅದರ ಗುರುತುಗಳು ಎರಡು ಸಾವಿರ ವರ್ಷ ಬಾಳಿದವು, ಏಕೆಂದರೆ ಹಲಗೆಯ ಮನೆ ಬಾಗಿಲು ತೆರೆದಿತ್ತು. ಅರಬ್ಬಿ ಭಾಷೆ ಜೀವಂತವಾಗಿದ್ದರೂ, ಉರ್ದು ನಮ್ಮ ಓಣಿಗಳಲ್ಲಿಯೇ ಕೇಳಿಬರುತ್ತಿದ್ದರೂ, ಈ ಗುರುತುಗಳು ನಮ್ಮಲ್ಲಿ ಎರಡು ತಲೆಮಾರಿನೊಳಗೆ ಮೂಕವಾದವು, ಏಕೆಂದರೆ ಕಲಿಸುವವರಿಲ್ಲದಾಯಿತು. ಗುರುತಿನ ಆಯುಷ್ಯ ಭಾಷೆಯ ಆಯುಷ್ಯವನ್ನು ಅವಲಂಬಿಸಿಲ್ಲ. ಗುರುವಿನಿಂದ ಶಿಷ್ಯನಿಗೆ ಸಾಗುವ ಓದನ್ನು ಅವಲಂಬಿಸಿದೆ.

ಇದು ಬರಿಯ ಕುತೂಹಲದ ಪ್ರಶ್ನೆಯಲ್ಲ. ಯಾವ ಹೊಲಕ್ಕೆ ಎಷ್ಟು ಕಂದಾಯವಿತ್ತು, ಯಾರು ಯಾರಿಗೆ ಎಷ್ಟು ಹಣಕ್ಕೆ ಮಾರಿದರು, ಯಾವ ಗುಡಿಗೆ, ಯಾವ ದರ್ಗಾಕ್ಕೆ, ಯಾವ ಮಠಕ್ಕೆ ಎಷ್ಟು ಇನಾಮು ನಡೆಯುತ್ತಿತ್ತು ಎಂಬ ಸಂಗತಿಗಳೆಲ್ಲ ಇಂಥ ಕಾಗದಗಳಲ್ಲಿರುತ್ತವೆ. ಮೊತ್ತ ಓದಲಾರದ ಪತ್ರ ಅರ್ಧ ಪತ್ರವೇ ಸರಿ. ಅಣ್ಣತಮ್ಮಂದಿರ ಪಾಲಿನ ವ್ಯಾಜ್ಯದಲ್ಲಿ ಅದು ನೆರವಾಗದು. ಊರಿನ ಚರಿತ್ರೆ ಬರೆಯುವವನಿಗೂ ಒದಗದು. ಹೈದರಾಬಾದಿನ ಸರಕಾರಿ ಪತ್ರಾಗಾರದಲ್ಲಿ ಶಹಾಜಹಾನ್, ಔರಂಗಜೇಬರ ಕಾಲದ ದಖ್ಖಣದ ಕಾಗದಗಳೇ ಒಂದೂವರೆ ಲಕ್ಷಕ್ಕೂ ಮಿಕ್ಕಿವೆ. ಅವುಗಳಿಗೆ ಕಟ್ಟಡವೂ ಕಾವಲೂ ಇವೆ. ಕಮಲಾಪುರದ ಅಟ್ಟದ ಮೇಲಿನ ಪೆಟ್ಟಿಗೆಗೆ ನಿಮ್ಮ ಹೊರತು ಬೇರೆ ಕಾವಲಿಲ್ಲ.

ಮನೆಮನೆಯ ಪೆಟ್ಟಿಗೆಗಳಿಂದ ಏನು ದೊರೆಯಬಲ್ಲದೆಂಬುದನ್ನು ಈ ಪತ್ರಿಕೆಯ ವಾಚಕರಿಗೆ ಹೊಸದಾಗಿ ಹೇಳಬೇಕಾಗಿಲ್ಲ. ಫ. ಗು. ಹಳಕಟ್ಟಿಯವರು ಊರೂರು ಅಲೆದು, ಜಗುಲಿಯ ಮೇಲೆ ಪೂಜೆಗೊಳ್ಳುತ್ತ ಓದುವವರಿಲ್ಲದೆ ಉಳಿದಿದ್ದ ತಾಡೋಲೆಗಳನ್ನು ಬಿಡಿಸಿ ನೋಡಿದುದರಿಂದಲೇ ವಚನಗಳು ೧೯೨೩ರಲ್ಲಿ ‘ವಚನಶಾಸ್ತ್ರಸಾರ’ವಾಗಿ ಅಚ್ಚಿಗೆ ಬಂದವು. ಲ್ಯಾವಾದೇವಿಯ ಕಾಗದವನ್ನು ವಚನದ ಓಲೆಗೆ ಸಮನೆನ್ನುವುದು ಸಲ್ಲದು. ಆದರೂ ಓದುವವನು ಬಾರದಿದ್ದರೆ ಓಲೆಗೂ ಕಾಗದಕ್ಕೂ ಗೆದ್ದಲೇ ಗತಿ.

ಆದುದರಿಂದ ವಾಚಕರಲ್ಲಿ, ವಿಶೇಷವಾಗಿ ಮಠದಲ್ಲಿ ಕಲಿತು ಊರೂರುಗಳಲ್ಲಿ ನೆಲೆಸಿರುವ ಹಳೆಯ ವಿದ್ಯಾರ್ಥಿಗಳಲ್ಲಿ, ಕೆಲವು ಮಾತುಗಳ ಅರಿಕೆ. ಹಳೆಯ ಕಾಗದಗಳನ್ನು ರದ್ದಿಗೆ ಹಾಕಬೇಡಿರಿ. ಹರಿದ ಕಾಗದಕ್ಕೆ ಅಂಟುಪಟ್ಟಿ ಹಚ್ಚಬೇಡಿರಿ, ಪ್ಲಾಸ್ಟಿಕ್ಕಿನೊಳಗೆ ಬಿಸಿಮಾಡಿ ಮುಚ್ಚಿಸಲೂಬೇಡಿರಿ. ಒಣಗಿದ ಸ್ಥಳದಲ್ಲಿ ಮಡಿಕೆ ಬಿಚ್ಚಿ ಇಟ್ಟರೆ ಸಾಕು. ಕಾಗದದ ಮೇಲೆ ಫಸಲಿ ವರ್ಷವಿದ್ದರೆ ಅದಕ್ಕೆ ೫೯೦ ಕೂಡಿಸಿರಿ. ಇಸ್ವಿ ಸುಮಾರಾಗಿ ದೊರೆಯುತ್ತದೆ. ಫಸಲಿ ೧೩೫೦ ಎಂದರೆ ೧೯೪೦–೪೧. ಪತ್ರದ ಚಿತ್ರವೊಂದನ್ನು ತೆಗೆದಿರಿಸಿರಿ. ಉರ್ದು ಬಲ್ಲ ಹಿರಿಯರು, ರಕಮಿನ ಪರಿಚಯವಿರುವ ಹಳೆಯ ವಕೀಲರ ಗುಮಾಸ್ತರು ಯಾರಾದರೂ ನಿಮ್ಮ ಊರಿನಲ್ಲಿದ್ದರೆ ಅವರ ಬಳಿ ಇಂದೇ ಹೋಗಿರಿ. ೨೦೧೮ರಲ್ಲಿ ಈ ಭಾರತೀಯ ರಕಮಿನ ಗುರುತುಗಳಿಗೆ ಗಣಕಯಂತ್ರದ ಜಾಗತಿಕ ಅಕ್ಷರಪಟ್ಟಿಯಲ್ಲಿ ಸ್ಥಾನ ದೊರೆತಿದೆ. ಆದರೆ ಯಂತ್ರದಲ್ಲಿ ಸ್ಥಾನ ದೊರೆತ ಮಾತ್ರಕ್ಕೆ ನಿಮ್ಮ ಅಜ್ಜನ ಕಾಗದ ಓದಿಸಿಕೊಳ್ಳುವುದಿಲ್ಲ. ಓದಲು ಕಲಿತ ಕಣ್ಣು ಬೇಕು.

ಅವರು ಓದಿ ಹೇಳುವಾಗ ನೀವು ಬೇರೊಂದು ಹಾಳೆಯ ಮೇಲೆ ಎರಡು ಸಾಲು ಎಳೆದುಕೊಳ್ಳಿರಿ. ಎಡಗಡೆ ಆ ಗುರುತನ್ನು ಇದ್ದಂತೆಯೇ ಬರೆಯಿರಿ. ಬಲಗಡೆ ಅದರ ಕನ್ನಡದ ಓದನ್ನು ಬರೆಯಿರಿ. ಒಂದರಿಂದ ಹತ್ತು, ಇಪ್ಪತ್ತು, ಮೂವತ್ತು, ನೂರು, ಸಾವಿರ ಇಷ್ಟಾದರೆ ಬಹುತೇಕ ಕಾಗದಗಳು ಬಾಯಿಬಿಡುತ್ತವೆ. ಹಲಗೆಯ ಮನೆಯ ಹುಡುಗರು ನಾಲ್ಕು ಸಾವಿರ ವರ್ಷಗಳ ಹಿಂದೆ ಮಾಡಿದ ಕೆಲಸವೂ ಇದುವೇ. ಆ ಪಟ್ಟಿಗಳು ಇಲ್ಲದಿದ್ದರೆ ಸುಮೇರಿಯನ್ ಭಾಷೆಯನ್ನು ಇಂದು ಇಷ್ಟು ಖಚಿತವಾಗಿ ತಿಳಿಯುವುದು ಆಗುತ್ತಿರಲಿಲ್ಲ. ಹಿಟ್ಟೈಟರು ತಮ್ಮ ಕುದುರೆಯ ಹೆಸರನ್ನು ಬಿಡಿಸಿ ಬರೆದಿಡಲು ಮರೆತರು. ನಾವು ಮರೆಯದಿರೋಣ.